ವರ ಕೊಟ್ಟವನ ಮಾತೂ ಉಳಿಯಿತು

ಹಳೇಬೀಡಿನ ಹೊಯ್ಸಳೇಶ್ವರ ದೇವಾಲಯದ ಹೊರಗೋಡೆಯಲ್ಲಿ ಉಗ್ರನರಸಿಂಹನ ಮುಂದೆ ನಿಂತವರ ಕಣ್ಣು ಮೊದಲು ಹೋಗುವುದು ಕರುಳಿನ ಕಡೆಗೆ. ತೊಡೆಯ ಮೇಲೆ ಬಿದ್ದ ಅಸುರ ಹಿರಣ್ಯಕಶಿಪುವಿನ ದೇಹ, ಬಗೆದ ಹೊಟ್ಟೆ, ಹಗ್ಗದಂತೆ ಮೇಲಕ್ಕೆ ಎಳೆದ ಕರುಳು. ಬಳಪದ ಕಲ್ಲಿನಲ್ಲಿ ಇದನ್ನೆಲ್ಲ ಬಿಡಿಸಿಟ್ಟ ಶಿಲ್ಪಿಯ ಕೈಗೆ ಬೆರಗಾಗಿ ಮುಂದಿನ ವಿಗ್ರಹಕ್ಕೆ ಸರಿಯುವುದು ವಾಡಿಕೆ. ಈಚೆಗೆ ಹೋದಾಗ ನಾನೂ ಹಾಗೇ ಸರಿದುಬಿಡುತ್ತಿದ್ದೆ. ಆದರೆ ಅಲ್ಲಿ ಪ್ರವಾಸಕ್ಕೆ ಬಂದ ಪ್ರೌಢಶಾಲೆಯ ಮಕ್ಕಳ ಗುಂಪೊಂದು ದಾರಿಗೆ ಅಡ್ಡವಾಗಿ ನಿಂತಿತ್ತು. ಅವರ ಮೇಷ್ಟ್ರು ಗೋಡೆಗೆ ಬೆನ್ನು ಹಾಕಿ ಪ್ರಶ್ನೆ ಕೇಳುತ್ತಿದ್ದರು.

"ಒಳಗೂ ಸಾಯಬಾರದು, ಹೊರಗೂ ಸಾಯಬಾರದು. ಮತ್ತೆಲ್ಲಿ?"

"ಹೊಸ್ತಿಲಲ್ಲಿ ಸರ್!"

"ಹಗಲೂ ಬೇಡ, ರಾತ್ರಿಯೂ ಬೇಡ?"

"ಮುಸ್ಸಂಜೆ!"

"ನೆಲದ ಮೇಲೂ ಬೇಡ, ಆಕಾಶದಲ್ಲೂ ಬೇಡ?"

"ತೊಡೆ ಮೇಲೆ!"

ಎಲ್ಲರೂ ಕೂಗುತ್ತಿದ್ದಾಗ ಮುಂದಿನ ಸಾಲಿನ ಹುಡುಗಿಯೊಬ್ಬಳು ಮಾತ್ರ ಕಲ್ಲನ್ನೇ ನೋಡುತ್ತಿದ್ದಳು. "ಸರ್, ಇಲ್ಲಿ ಹೊಸ್ತಿಲು ಎಲ್ಲಿದೆ? ಇದು ಸಂಜೆ ಅಂತ ಹೇಗೆ ಗೊತ್ತಾಗುತ್ತೆ?" ಎಂದಳು. ಮೇಷ್ಟ್ರು ನಕ್ಕು, "ಅದನ್ನ ನೀವೇ ಹುಡುಕಿ" ಎಂದರು. ಮಕ್ಕಳು ಮುಂದೆ ಹೋದರು, ನಾನು ಅಲ್ಲೇ ಉಳಿದೆ.

ಆ ಪ್ರಶ್ನೆ ಹಿಡಿದು ನೋಡಿದರೆ ಆ ಶಿಲ್ಪ ಬೇರೆಯೇ ಆಗಿ ಕಾಣುತ್ತದೆ. ಹೊಸ್ತಿಲು ನನಗೂ ಕಾಣಲಿಲ್ಲ. ಸಂಜೆಯನ್ನು ಕಲ್ಲಿನಲ್ಲಿ ಕಡೆಯುವುದಂತೂ ಆಗದ ಮಾತು. ಶಿಲ್ಪಿ ತನ್ನ ಉಳಿಗೆ ಒಗ್ಗುವ ಷರತ್ತುಗಳನ್ನು ಮಾತ್ರ ಆರಿಸಿಕೊಂಡಿದ್ದಾನೆ. ಮನುಷ್ಯನೂ ಅಲ್ಲದ ಮೃಗವೂ ಅಲ್ಲದ ಮೈ ಇದೆ, ನೆಲವೂ ಅಲ್ಲದ ಆಕಾಶವೂ ಅಲ್ಲದ ತೊಡೆ ಇದೆ. ಇನ್ನು ಕೈಗಳು. ನರಸಿಂಹನಿಗೆ ಕೈಗಳು ಹಲವು, ಆಯುಧಗಳೂ ಇವೆ. ಆದರೆ ಕೊಲ್ಲುವ ಕೈಗಳು ಮಾತ್ರ ಬರಿಗೈ. ಚಕ್ರ ಪಕ್ಕದಲ್ಲೇ ಇದ್ದರೂ ಅದನ್ನು ಮುಟ್ಟುವಂತಿಲ್ಲ, ಏಕೆಂದರೆ ಆಯುಧದಿಂದ ಸಾವಿಲ್ಲ ಎಂದು ಬ್ರಹ್ಮ ಆ ಅಸುರನಿಗೆ ವರವಾಗಿ ಮಾತು ಕೊಟ್ಟಿದ್ದಾನೆ. ಆ ಚಕ್ರವನ್ನು ಮುಟ್ಟದೆ ಬಿಟ್ಟಿರುವುದರಲ್ಲೇ ಇಡೀ ಕಥೆಯ ತಿರುಳಿದೆ ಎಂದು ನನಗೆ ಅನ್ನಿಸುತ್ತದೆ.

ಕಥೆ ಎಲ್ಲರಿಗೂ ಗೊತ್ತು. 1983ರ 'ಭಕ್ತ ಪ್ರಹ್ಲಾದ' ಸಿನಿಮಾದಲ್ಲಿ ರಾಜ್‌ಕುಮಾರ್ ಹಿರಣ್ಯಕಶಿಪುವಾಗಿ, ಪುಟ್ಟ ಪುನೀತ್ ಪ್ರಹ್ಲಾದನಾಗಿ ನಿಂತ ಮೇಲೆ ಕನ್ನಡದ ಮನೆಗಳಲ್ಲಿ ಅದನ್ನು ಮತ್ತೆ ಹೇಳಬೇಕಾಗಿಯೇ ಇಲ್ಲ. ಆದರೆ ನಮ್ಮ ನೆನಪಿನಲ್ಲಿ ಉಳಿದಿರುವುದು ಕಂಬ ಒಡೆದದ್ದು ಮತ್ತು ಗರ್ಜನೆ. ವರದ ಒಕ್ಕಣೆಯನ್ನು ಪೂರ್ತಿ ಕೇಳಿದವರು ಕಡಿಮೆ. ವಿಷ್ಣುಪುರಾಣ ಪ್ರಹ್ಲಾದನ ಭಕ್ತಿಯನ್ನು ವಿಸ್ತಾರವಾಗಿ ಹೇಳಿ ತಂದೆಯ ವಧೆಯನ್ನು ಒಂದೇ ಮಾತಿನಲ್ಲಿ ಮುಗಿಸುತ್ತದೆ. ಷರತ್ತುಗಳ ಉದ್ದನೆಯ ಪಟ್ಟಿ ಸಿಗುವುದು ಭಾಗವತದ ಏಳನೇ ಸ್ಕಂಧದಲ್ಲಿ. ಬ್ರಹ್ಮ ಸೃಷ್ಟಿಸಿದ ಯಾವ ಜೀವಿಯಿಂದಲೂ ಸಾವು ಬರಬಾರದು ಎಂಬುದೇ ಅಲ್ಲಿ ಮೊದಲ ಬೇಡಿಕೆ. ಅದೊಂದು ಸಾಕಾಗಿತ್ತು. ಆದರೂ ಅಸುರ ನಿಲ್ಲಿಸುವುದಿಲ್ಲ. ಜಾಗ, ಹೊತ್ತು, ಆಯುಧ ಎಂದು ಒಂದೊಂದನ್ನೂ ಎರಡೂ ತುದಿಯಿಂದ ಮುಚ್ಚುತ್ತಾ ಹೋಗುತ್ತಾನೆ. ಹೀಗೆ ಮುಚ್ಚಿದಷ್ಟೂ ಎರಡರ ನಡುವೆ ಒಂದೊಂದು ಸಂದಿ ಉಳಿಯುತ್ತದೆ.

ನನಗೆ ಅತಿ ಇಷ್ಟವಾದ ಷರತ್ತು ಇನ್ನೊಂದಿದೆ. ಪ್ರಾಣವಿರುವುದರಿಂದಲೂ ಸಾವು ಬೇಡ, ಪ್ರಾಣವಿಲ್ಲದ್ದರಿಂದಲೂ ಬೇಡ ಎನ್ನುತ್ತಾನೆ. ಇದಕ್ಕೆ ಉತ್ತರ ಉಗುರು. ಬುಡದಲ್ಲಿ ಜೀವಂತ ಅಂಗಾಂಶ, ಹೊರಗೆ ಕಾಣುವುದು ಸತ್ತ ಜೀವಕೋಶಗಳ ಪದರ. ತಿಂಗಳಿಗೆ ಸುಮಾರು 3 ಮಿಲಿಮೀಟರ್ ಬೆಳೆಯುತ್ತದೆ, ಆದರೆ ಕತ್ತರಿಸಿದರೆ ನೋಯುವುದಿಲ್ಲ. ಮನುಷ್ಯನ ಉಗುರೂ ಸಿಂಹದ ಉಗುರೂ ಕೆರಾಟಿನ್ ಎಂಬ ಒಂದೇ ಬಗೆಯ ಪ್ರೋಟೀನಿನಿಂದ ಆದವು. ನರನಿಗೂ ಸಿಂಹಕ್ಕೂ ಸಮನಾಗಿ ಸಲ್ಲುವ, ಆಯುಧವಲ್ಲದ, ಬದುಕಿಯೂ ಇಲ್ಲದ ಸತ್ತೂ ಇಲ್ಲದ ವಸ್ತುವನ್ನು ಇಡೀ ಜಗತ್ತಿನಲ್ಲಿ ಹುಡುಕಿ ತೆಗೆದ ಆ ಕಥೆಗಾರನ ಬುದ್ಧಿಗೆ ನಾನು ಎಷ್ಟು ಸಲ ಕೈಮುಗಿದರೂ ಸಾಲದು. ಮನೆಯ ಹಿರಿಯರು ದೀಪ ಹಚ್ಚುವ ಹೊತ್ತಿಗೆ ಉಗುರು ಕತ್ತರಿಸಬೇಡ, ಹೊಸ್ತಿಲ ಮೇಲೆ ಕೂರಬೇಡ ಎಂದು ಗದರುವುದುಂಟು. ಹೊಸ್ತಿಲ ಮಾತಿಗೆ ಕಾರಣ ಕೇಳಿದರೆ ಹಲವು ಕಡೆ ಹಿರಣ್ಯಕಶಿಪುವಿನ ಹೆಸರೇ ಬರುತ್ತದೆ. ನರಸಿಂಹ ಜಯಂತಿಯ ಪೂಜೆ ಇಂದಿಗೂ ವೈಶಾಖ ಶುದ್ಧ ಚತುರ್ದಶಿಯ ಮುಸ್ಸಂಜೆಗೇ ನಡೆಯುತ್ತದೆ.

ಇದು ವಿಷ್ಣು ಮಾಡಿದ ಮೋಸ ಎನ್ನುವವರಿದ್ದಾರೆ. ನೀನು ಚಾಪೆ ಕೆಳಗೆ ತೂರಿದರೆ ನಾನು ರಂಗೋಲಿ ಕೆಳಗೆ ತೂರುತ್ತೇನೆ ಎಂಬಂಥ ಜಾಣತನ ಎಂದು ಅವರ ವಾದ. ನಾನು ಒಪ್ಪುವುದಿಲ್ಲ. ಮೋಸವೇ ಮಾಡುವುದಿದ್ದರೆ ಚಕ್ರ ಬಿಟ್ಟು ಕೆಲಸ ಮುಗಿಸಬಹುದಿತ್ತು, ತಡೆಯುವವರು ಯಾರು? ಕೊಟ್ಟ ಮಾತಿನ ಒಂದಕ್ಷರವೂ ಕೆಡಬಾರದೆಂದು ದೇವರೇ ತನ್ನ ರೂಪ ಬದಲಿಸಿಕೊಂಡ. ನಿಯಮ ಮಾಡಿದವನಿಗೂ ಅದನ್ನು ಮುರಿಯುವ ಹಕ್ಕಿಲ್ಲ ಎಂಬುದು ಈ ಮಾಯಾಲೋಕದ ಮೂಲ ಕಾನೂನು. ಜಪಾನಿನ 'ಡೆತ್ ನೋಟ್' ಓದುವ ಹುಡುಗರಿಗೆ ಇದನ್ನು ವಿವರಿಸುವುದು ಸುಲಭ. ಒಹ್ಬಾ ಮತ್ತು ಒಬಾತ 2003ರಲ್ಲಿ ಶುರುಮಾಡಿದ ಆ ಚಿತ್ರಕಥೆಯಲ್ಲಿ ಒಬ್ಬನ ಮುಖ ಮನಸ್ಸಿನಲ್ಲಿಟ್ಟುಕೊಂಡು ಒಂದು ಪುಸ್ತಕದಲ್ಲಿ ಅವನ ಹೆಸರು ಬರೆದರೆ ಆ ಮನುಷ್ಯ ಸಾಯುತ್ತಾನೆ. ಕಾರಣ ಬರೆಯದಿದ್ದರೆ 40 ಸೆಕೆಂಡಿನಲ್ಲಿ ಹೃದಯಾಘಾತ. ತಾನು ಪ್ರೀತಿಸುವ ಮನುಷ್ಯನ ಜೀವ ಉಳಿಸಲೆಂದು ಸಾವಿನ ದೇವತೆಯೇ ಆ ಪುಸ್ತಕ ಬಳಸಿದರೆ ಆ ದೇವತೆಗೂ ಸಾವು.

ನಮ್ಮಲ್ಲಿ ಈ ಬಗೆಯ ಕಟ್ಟಳೆ ನರಸಿಂಹನಿಗಿಂತ ಬಹಳ ಹಳೆಯದು. ಶತಪಥ ಬ್ರಾಹ್ಮಣದಲ್ಲಿ ಇಂದ್ರ ನಮುಚಿ ಎಂಬ ಅಸುರನಿಗೆ ಮಾತು ಕೊಡುತ್ತಾನೆ. ಹಗಲಲ್ಲಿ ಕೊಲ್ಲುವುದಿಲ್ಲ, ರಾತ್ರಿ ಕೊಲ್ಲುವುದಿಲ್ಲ, ಹಸಿಯದರಿಂದ ಕೊಲ್ಲುವುದಿಲ್ಲ, ಒಣಗಿದ್ದರಿಂದಲೂ ಕೊಲ್ಲುವುದಿಲ್ಲ ಎಂದು. ಕೊನೆಗೆ ಕತ್ತಲೆ ಕರಗಿ ಸೂರ್ಯ ಇನ್ನೂ ಮೂಡದ ಹೊತ್ತಿನಲ್ಲಿ ನೀರಿನ ನೊರೆಯಿಂದ ಅವನ ತಲೆ ಹಾರಿಸುತ್ತಾನೆ. ನೊರೆಯಿಂದ ನಮುಚಿಯ ತಲೆ ತೆಗೆದ ಸಂಗತಿ ಋಗ್ವೇದದಲ್ಲೇ ಇದೆ. ಮಹಾಭಾರತದ ಉದ್ಯೋಗಪರ್ವದಲ್ಲಿ ವೃತ್ರನ ಸಾವಿಗೂ ಇದೇ ನೊರೆ, ಇದೇ ಸಂಧ್ಯೆ. ವರ ಬೇಡುವಾಗ ರಾವಣ ಮನುಷ್ಯರನ್ನು ಹುಲ್ಲುಕಡ್ಡಿಯೆಂದು ಪಟ್ಟಿಯಿಂದ ಕೈಬಿಟ್ಟ, ಭಸ್ಮಾಸುರ ತನ್ನ ತಲೆಯನ್ನು ಹೊರಗಿಡುವುದನ್ನು ಮರೆತ.

ಎಲ್ಲಕ್ಕಿಂತ ನನ್ನನ್ನು ಕಾಡುವುದು ದ್ರೋಣಪರ್ವದ ವೃದ್ಧಕ್ಷತ್ರನ ಮಾತು. ತನ್ನ ಮಗ ಜಯದ್ರಥನ ತಲೆಯನ್ನು ಯಾರು ನೆಲಕ್ಕೆ ಬೀಳಿಸುತ್ತಾರೋ ಅವರ ತಲೆ ನೂರು ಹೋಳಾಗಲಿ ಎಂದು ಅವನು ನುಡಿದಿದ್ದ. 'ಯಾರು' ಎಂದನೇ ಹೊರತು 'ಶತ್ರು' ಎನ್ನಲಿಲ್ಲ. ಕೃಷ್ಣನ ಸೂಚನೆಯಂತೆ ಅರ್ಜುನನ ಬಾಣಗಳು ಆ ತಲೆಯನ್ನು ಹೊತ್ತೊಯ್ದು ಸಂಧ್ಯೆಗೆ ಕುಳಿತಿದ್ದ ತಂದೆಯ ಮಡಿಲಲ್ಲೇ ಇಡುತ್ತವೆ. ಮುದುಕ ಏಳುತ್ತಾನೆ, ಮಗನ ತಲೆ ಉರುಳಿ ನೆಲ ಮುಟ್ಟುತ್ತದೆ. ಮಗನ ಮೇಲಿನ ಮಮತೆಯಿಂದ ಆಡಿದ ಮಾತು ತಂದೆಯನ್ನೂ ಬಿಡಲಿಲ್ಲ.

ಟೀವಿ ಧಾರಾವಾಹಿಗಳು ಇದನ್ನೆಲ್ಲ ಹಾರಿಸಿ ನೇರ ಗರ್ಜನೆಗೆ, ಗ್ರಾಫಿಕ್ಸ್ ಬೆಂಕಿಗೆ ಬಂದುಬಿಡುವುದು ನನಗೆ ಸಹಿಸದ ಸಂಗತಿ. ಷರತ್ತು ಕೇಳದವನಿಗೆ ಕಂಬ ಒಡೆದಾಗ ಭಯವಾದೀತು, ಬೆರಗಾಗದು. ಮನೆಯಲ್ಲಿ ಮಕ್ಕಳಿಗೆ ಪ್ರಹ್ಲಾದನ ಕಥೆ ಹೇಳುವವರಲ್ಲಿ ನನ್ನದೊಂದು ಕೋರಿಕೆ: ವರದ ಕರಾರುಗಳನ್ನು ಒಂದೂ ಬಿಡದೆ ಹೇಳಿ, ಕಂಬಕ್ಕೆ ಗದೆ ಬೀಳುವ ಮುನ್ನ ಕಥೆ ನಿಲ್ಲಿಸಿ, ಇವನನ್ನು ಹೇಗೆ ಕೊಲ್ಲುವುದು ಎಂದು ಅವರನ್ನೇ ಕೇಳಿ. ಉತ್ತರಕ್ಕೆ ಒಂದು ರಾತ್ರಿ ಪೂರ್ತಿ ಬಿಡಿ.