ದುಬೈಯ ನಾಲ್ವರು ಉಮ್ಮಂದಿರು

ದುಬೈ ನಮ್ಮವರಿಗೆ ಹೊಸ ಊರಲ್ಲ. ಮಂಗಳೂರು, ಉಳ್ಳಾಲ, ಸುರತ್ಕಲ್ ಕಡೆಯ ಎಷ್ಟೋ ಬ್ಯಾರಿ ಮನೆಗಳ ಒಲೆ ಉರಿದದ್ದೇ ಅಲ್ಲಿನ ದುಡಿಮೆಯಿಂದ. ಆದರೆ ದೇರಾದ ಅಂಗಡಿ, ಬರ್‌ದುಬೈಯ ರೂಮು ಬಿಟ್ಟರೆ, ಅಲ್ಲಿನ ಅರಬರ ಮನೆಯೊಳಗಿನ ಮಾತುಕತೆ ನಮ್ಮವರ ಕಿವಿಗೆ ಬಿದ್ದದ್ದು ಕಡಿಮೆ. ಆ ಬಾಗಿಲನ್ನು ಸ್ವಲ್ಪ ತೆರೆದು ತೋರಿಸಿದ್ದು ಒಂದು ಕಾರ್ಟೂನ್ ಧಾರಾವಾಹಿ. ಹೆಸರು 'ಫ್ರೀಜ್'.

ಫ್ರೀಜ್ ಅಂದರೆ ಅಲ್ಲಿನ ಆಡುಮಾತಿನಲ್ಲಿ ಕೇರಿ, ನೆರೆಕರೆ. 2006ರ ರಮಝಾನ್‌ನಲ್ಲಿ ಸಮಾ ದುಬೈ ಚಾನೆಲ್‌ನಲ್ಲಿ ಇದು ಶುರುವಾಯಿತು. ಮಧ್ಯಪ್ರಾಚ್ಯದ ಮೊದಲ ತ್ರೀಡಿ ಕಾರ್ಟೂನ್ ಧಾರಾವಾಹಿ ಎಂಬ ಹೆಸರೂ ಇದಕ್ಕಿದೆ. ಮಾಡಿದವರು ದುಬೈಯವರೇ ಆದ ಮುಹಮ್ಮದ್ ಸಈದ್ ಹಾರಿಬ್. ಅಮೆರಿಕದ ಬಾಸ್ಟನ್‌ನಲ್ಲಿ ಓದುವಾಗ, 'ನಿಮ್ಮ ನಾಡಿನ ಒಬ್ಬ ಸೂಪರ್ ಹೀರೋನನ್ನು ಸೃಷ್ಟಿಸಿ' ಎಂದು ತರಗತಿಯಲ್ಲಿ ಕೆಲಸ ಕೊಟ್ಟರಂತೆ. ಹಾರಿಬ್‌ಗೆ ನೆನಪಾದದ್ದು ಖಡ್ಗ ಹಿಡಿದ ವೀರನಲ್ಲ, ಸ್ವಂತ ಅಜ್ಜಿ!

ಕಥೆಯಲ್ಲಿರುವುದು ನಾಲ್ವರು ಅಜ್ಜಿಯರು. ಮಾತಿಗೊಂದು ಗಾದೆ ಹೇಳುವ ಉಮ್ಮ್ ಸಈದ್, ಎಲ್ಲವನ್ನೂ ಮರೆಯುವ ಪಾಪದ ಉಮ್ಮ್ ಸಲ್ಲೂಮ್, ಲ್ಯಾಪ್‌ಟಾಪ್ ಹಿಡಿದು ವ್ಯಾಪಾರ ಮಾಡುವ ಉಮ್ಮ್ ಅಲ್ಲಾವಿ, ಬಾಯಿ ಜೋರಿನ ಉಮ್ಮ್ ಖಮ್ಮಾಸ್. ಈ 'ಉಮ್ಮ್' ನಮ್ಮ ಮನೆಯ 'ಉಮ್ಮ'ನೇ. ಮಕ್ಕಳ ಹೆಸರು ಹಿಡಿದು ಸಈದನ ಉಮ್ಮ, ಸಲ್ಲೂಮನ ಉಮ್ಮ ಅಂತ ಕರೆಯುವುದು ಅಲ್ಲಿನ ರೂಢಿ.

ನಾಲ್ವರ ಮುಖದಲ್ಲೂ ಹಳೆಯ ಕಾಲದ ಹೊಳೆಯುವ ಬುರ್ಖಾ. ಇದು ನಾವು ಬುರ್ಖಾ ಅನ್ನುವ ಉಡುಪಲ್ಲ. ಹುಬ್ಬು, ಮೂಗು, ತುಟಿಯನ್ನಷ್ಟೇ ಮುಚ್ಚುವ ಮುಖವಾಡದಂಥದ್ದು.

ಇನ್ನು ವ್ಯಂಗ್ಯ ಎಲ್ಲಿದೆ? ಈ ಅಜ್ಜಿಯರು ಯೌವನ ಕಳೆದ ದುಬೈಯಲ್ಲಿ ರೂಪಾಯಿ ಓಡುತ್ತಿತ್ತು, 1966ರವರೆಗೂ. ಈಗ ಅವರ ಕೇರಿಯ ಸುತ್ತ ಗಗನಚುಂಬಿಗಳು. ಧಾರಾವಾಹಿ ಶುರುವಾದಾಗ ಬುರ್ಜ್ ಖಲೀಫಾ ಇನ್ನೂ ಏಳುತ್ತಿತ್ತು. ಒಂದು ತಲೆಮಾರಿನೊಳಗೆ ಊರೇ ಬದಲಾದರೆ ಮನುಷ್ಯರು ಎಡವುತ್ತಾರೆ. ಹೊಸ ಶೋಕಿಯವರು ಎಡವುತ್ತಾರೆ, ಹಳೆಯದಕ್ಕೇ ಅಂಟಿಕೊಂಡವರೂ ಎಡವುತ್ತಾರೆ. ಅಜ್ಜಿಯರು ಇಬ್ಬರನ್ನೂ ಬಿಡೋದಿಲ್ಲ, ತಮ್ಮನ್ನೂ ಬಿಡೋದಿಲ್ಲ. ಬೇರೆಯವರು ಹೇಳಿದರೆ ಮುನಿಸಾಗುವ ಮಾತು ಅಜ್ಜಿ ಹೇಳಿದರೆ ನಗುವಾಗುತ್ತದೆ.

ಹಾಗಂತ ಇದು ಆಳುವವರ ತಂಟೆಗೆ ಹೋಗುವ ವ್ಯಂಗ್ಯವಲ್ಲ. ಮುಂದೆ 2011ರಲ್ಲಿ ಯೂಟ್ಯೂಬ್‌ನಲ್ಲಿ ಬಂದ ಸೌದಿಯ 'ಮಸಾಮೀರ್' ಕಾರ್ಟೂನಿನ ಮಾತು ಇದಕ್ಕಿಂತ ಹರಿತ. ಫ್ರೀಜ್‌ನ ಸಾಧನೆ ಬೇರೆ ಕಡೆ ಇದೆ, ಅದು ಭಾಷೆಯಲ್ಲಿ. ಅರಬ್ ಮಕ್ಕಳು ನೋಡುತ್ತಿದ್ದ ಹೆಚ್ಚಿನ ಕಾರ್ಟೂನ್‌ಗಳು ಜಪಾನ್, ಅಮೆರಿಕದವು. ಅವಕ್ಕೆ ಹಾಕುತ್ತಿದ್ದದ್ದು ಹೆಚ್ಚಾಗಿ ಪುಸ್ತಕದ ಅರಬಿ. ಫ್ರೀಜ್‌ನಲ್ಲಿ ಮಕ್ಕಳು ಕೇಳಿದ್ದು ತಮ್ಮ ಅಜ್ಜಿಯ ಅಡುಗೆಮನೆಯ ಮಾತು, ಅದೇ ಗಾದೆ, ಅದೇ ಗದರಿಕೆ. ಇಂಗ್ಲಿಷ್ ತುಂಬಿದ ನಗರದಲ್ಲಿ ಇದು ಸಣ್ಣ ಸಂಗತಿಯಲ್ಲ.

ನಮಗೂ ಇದರಲ್ಲಿ ಪಾಠ ಇದೆ. 2007ರಲ್ಲಿ ಬ್ಯಾರಿ ಸಾಹಿತ್ಯ ಅಕಾಡೆಮಿ ಬಂತು. 'ಬ್ಯಾರಿ' ಸಿನಿಮಾಕ್ಕೆ 2011ರ ಸಾಲಿನ ಅತ್ಯುತ್ತಮ ಚಿತ್ರ ರಾಷ್ಟ್ರ ಪ್ರಶಸ್ತಿಯೂ ಬಂತು. ಸಂತೋಷವೇ. ಆದರೆ ಗಲ್ಫಿನಲ್ಲಿ, ಬೆಂಗಳೂರಿನಲ್ಲಿ ಬೆಳೆಯುವ ನಮ್ಮ ಎಷ್ಟೋ ಮಕ್ಕಳಿಗೆ ಅಜ್ಜಿಯ ಬ್ಯಾರಿ ಅರ್ಥವಾಗುತ್ತದೆ, ಉತ್ತರ ಕೊಡಲು ಬಾಯಿ ಬರೋದಿಲ್ಲ. ಅಕಾಡೆಮಿ ಪುಸ್ತಕ ತರಬಹುದು, ನಿಘಂಟು ತರಬಹುದು. ಅಜ್ಜಿ ಗದರಿಸುವಾಗಿನ ಆ ರಾಗ, ನಡುನಡುವೆ ತೂರಿಬರುವ ಆ ತಮಾಷೆ ಯಾವ ನಿಘಂಟಿನಲ್ಲಿ ಸಿಗುತ್ತದೆ?

ಕಾರ್ಟೂನ್ ಮಾಡಲು ದುಡ್ಡು ಬೇಕು, ಸ್ಟುಡಿಯೋ ಬೇಕು. ಅಜ್ಜಿಯ ಮಾತು ಉಳಿಸಲು ಸದ್ಯಕ್ಕೆ ಮೊಬೈಲ್ ಸಾಕು. ಈ ಸಲ ಊರಿಗೆ ಬಂದಾಗ ಮಕ್ಕಳ ಕೈಗೆ ಅದನ್ನು ಕೊಟ್ಟು ಅಜ್ಜಿಯ ಪಕ್ಕ ಕೂರಿಸಿ. ಗಾದೆ, ಒಗಟು, ಕೇರಿಯ ಹಳೆ ಜಗಳದ ಕಥೆ ಏನು ಹೇಳಿದರೂ ರೆಕಾರ್ಡ್ ಆಗಲಿ. ನಾಳೆ ನಮ್ಮ ಹಾರಿಬ್ ಒಬ್ಬ ಹುಟ್ಟಿದರೆ, ಅವನಿಗೆ ಮೊದಲು ಬೇಕಾಗುವುದು ಅದೇ.