ವರದಿಗಳು, ಪುಸ್ತಕಗಳು: ಅಂತರಜಾಲದಲ್ಲಿ ಹುಡುಕುವ ಬಗೆ

ಪಶ್ಚಿಮ ಘಟ್ಟಗಳ ಬಗ್ಗೆ ಚರ್ಚೆ ನಡೆದಲ್ಲೆಲ್ಲ ಗಾಡ್ಗೀಳ್ ವರದಿಯ ಹೆಸರು ಬರುತ್ತದೆ. ಅದರ ಪರವಾಗಿಯೋ ವಿರೋಧವಾಗಿಯೋ ಮಾತನಾಡುವವರಲ್ಲಿ ಎಷ್ಟು ಮಂದಿ ಅದನ್ನು ಓದಿದ್ದಾರೆ? ಮಾಧವ ಗಾಡ್ಗೀಳ್ ಅಧ್ಯಕ್ಷತೆಯ ಸಮಿತಿ ವರದಿಯನ್ನು ಕೇಂದ್ರ ಪರಿಸರ ಸಚಿವಾಲಯಕ್ಕೆ ಒಪ್ಪಿಸಿದ್ದು 2011ರ ಆಗಸ್ಟ್‌ನಲ್ಲಿ. ಅದು ಜನರ ಕೈಗೆ ಸಿಕ್ಕಿದ್ದು 2012ರ ಮೇ ತಿಂಗಳಲ್ಲಿ. ಅದಕ್ಕೆ ಮಾಹಿತಿ ಹಕ್ಕಿನ ಅರ್ಜಿ, ಕೇಂದ್ರ ಮಾಹಿತಿ ಆಯೋಗದ ಆದೇಶ, ದೆಹಲಿ ಹೈಕೋರ್ಟಿನ ತೀರ್ಪು ಇವೆಲ್ಲ ಬೇಕಾದವು. ಹೀಗೆ ಹೊರಬಂದ ವರದಿಯನ್ನು ಇಂದು ನೀವು ಮನೆಯಲ್ಲೇ ಕುಳಿತು ಉಚಿತವಾಗಿ ಓದಬಹುದು. ಹುಡುಕುವ ದಾರಿ ತಿಳಿದಿರಬೇಕು, ಅಷ್ಟೆ.

ಸರ್ಕಾರಿ ವರದಿಗಳು

ರೂಢಿಯ ಹೆಸರು ಬೇರೆ, ಮುಖಪುಟದ ಹೆಸರು ಬೇರೆ ಎಂಬುದು ಮೊದಲ ತೊಡಕು. ಕೊಠಾರಿ ಆಯೋಗದ (1964–66) ವರದಿಯ ಮುದ್ರಿತ ಹೆಸರು 'ಎಜುಕೇಶನ್ ಅಂಡ್ ನ್ಯಾಷನಲ್ ಡೆವಲಪ್‌ಮೆಂಟ್'. ಆದ್ದರಿಂದ ಮೊದಲು ಸರಿಯಾದ ಹೆಸರು ಮತ್ತು ವರ್ಷ ಪತ್ತೆಮಾಡಿ. ಆಮೇಲೆ ಆ ಹೆಸರನ್ನು ಉದ್ಧರಣ ಚಿಹ್ನೆಗಳ ನಡುವೆ ಬರೆದು ಹುಡುಕಿ. ಪದಗಳು ಅದೇ ಕ್ರಮದಲ್ಲಿರುವ ಪುಟಗಳು ಮುಂದೆ ಬರುತ್ತವೆ. ಜೊತೆಗೆ ಪಿಡಿಎಫ್ ಎಂದು ಸೇರಿಸಿದರೆ ಪೂರ್ಣ ಕಡತ ಸಿಗುವ ಸಾಧ್ಯತೆ ಹೆಚ್ಚು.

ಸಂಶೋಧನಾ ಸಾಹಿತ್ಯ

ಗಾಂಧಿನಗರದ ಇನ್‌ಫ್ಲಿಬ್‌ನೆಟ್ ಕೇಂದ್ರ ನಡೆಸುವ 'ಶೋಧಗಂಗಾ'ದಲ್ಲಿ ಭಾರತೀಯ ವಿಶ್ವವಿದ್ಯಾಲಯಗಳ ಪಿಎಚ್.ಡಿ. ಪ್ರಬಂಧಗಳಿವೆ. ಪ್ರಬಂಧದ ಕೊನೆಯ ಗ್ರಂಥಸೂಚಿಯನ್ನೇ ಮೊದಲು ನೋಡಿ. ಆ ವಿಷಯದ ಮುಖ್ಯ ಕೃತಿಗಳ ಪಟ್ಟಿ ಸಿದ್ಧವಾಗಿಯೇ ಸಿಗುತ್ತದೆ. ಭೌತಶಾಸ್ತ್ರ ಮತ್ತು ಗಣಿತಕ್ಕೆ 1991ರಲ್ಲಿ ಪಾಲ್ ಗಿನ್ಸ್‌ಪಾರ್ಗ್ ಆರಂಭಿಸಿದ 'ಆರ್ಕೈವ್' ಭಂಡಾರವಿದೆ. ಅಲ್ಲಿಯ ಲೇಖನಗಳು ತಜ್ಞರ ಪರಿಶೀಲನೆಗೆ ಮುನ್ನವೇ ಪ್ರಕಟವಾಗಿರಬಹುದು ಎಂಬ ಎಚ್ಚರವಿರಲಿ. ಅಧ್ಯಾಪಕರಿಗೆ ಇನ್ನೂ ಹತ್ತಿರದ್ದು ಬೆಂಗಳೂರಿನ ಭಾರತೀಯ ವಿಜ್ಞಾನ ಅಕಾಡೆಮಿಯ 'ರೆಸೊನೆನ್ಸ್'. 1996ರಿಂದ ಬಂದ ಅದರ ಸಂಚಿಕೆಗಳು ಅಕಾಡೆಮಿಯ ಜಾಲತಾಣದಲ್ಲಿವೆ. ಸಿ.ವಿ. ರಾಮನ್ ಅವರ ಲೇಖನಗಳನ್ನು ರಾಮನ್ ಸಂಶೋಧನಾ ಸಂಸ್ಥೆಯ ಡಿಜಿಟಲ್ ಭಂಡಾರದಲ್ಲಿ ಓದಬಹುದು.

ಹಳೆಯ ಪುಸ್ತಕಗಳು

ಭಾರತೀಯ ವಿಜ್ಞಾನ ಸಂಸ್ಥೆಯ ಮುಂದಾಳತ್ವದ 'ಡಿಜಿಟಲ್ ಲೈಬ್ರರಿ ಆಫ್ ಇಂಡಿಯಾ' ಲಕ್ಷಾಂತರ ಪುಸ್ತಕಗಳನ್ನು ಸ್ಕ್ಯಾನ್ ಮಾಡಿತ್ತು. ಮುಂದೆ ಆ ತಾಣ ಮುಚ್ಚಿತು. ಅದರ ಬಹಳಷ್ಟು ಪುಸ್ತಕಗಳು ಉಳಿದಿರುವುದು ಅಮೆರಿಕದ 'ಇಂಟರ್‌ನೆಟ್ ಆರ್ಕೈವ್' ಪ್ರತಿ ಇಟ್ಟುಕೊಂಡದ್ದರಿಂದ. ಅಲ್ಲಿ ಕನ್ನಡ ಪುಸ್ತಕಗಳ ಹೆಸರನ್ನು ಹೆಚ್ಚಾಗಿ ಇಂಗ್ಲಿಷ್ ಲಿಪಿಯಲ್ಲಿ, ಒಬ್ಬೊಬ್ಬರು ಒಂದೊಂದು ರೀತಿ ಬರೆದಿದ್ದಾರೆ. ಒಂದು ಕಾಗುಣಿತದಲ್ಲಿ ಸಿಗದಿದ್ದರೆ ಇನ್ನೊಂದರಲ್ಲಿ ಹುಡುಕಿ. ಲೇಖಕರ ಹೆಸರಿನಿಂದಲೂ ಪ್ರಯತ್ನಿಸಿ. ಖರಗ್‌ಪುರದ ಐಐಟಿ ರೂಪಿಸಿದ 'ರಾಷ್ಟ್ರೀಯ ಡಿಜಿಟಲ್ ಗ್ರಂಥಾಲಯ' ಹಲವು ಸಂಸ್ಥೆಗಳ ಸಂಗ್ರಹಗಳನ್ನು ಒಂದೇ ಕಡೆಯಿಂದ ಹುಡುಕಲು ನೆರವಾಗುತ್ತದೆ.

ಹಕ್ಕಿನ ಪ್ರಶ್ನೆ

ಸಿಕ್ಕಿದ್ದೆಲ್ಲ ಹಂಚಬಹುದಾದುದಲ್ಲ. ನಮ್ಮ ಕಾನೂನಿನಂತೆ ಲೇಖಕರು ತೀರಿಕೊಂಡು 60 ವರ್ಷ ಕಳೆಯುವವರೆಗೆ ಅವರ ಪುಸ್ತಕಗಳಿಗೆ ಕೃತಿಸ್ವಾಮ್ಯವಿರುತ್ತದೆ. 1937ರಲ್ಲಿ ನಿಧನರಾದ ಜಗದೀಶಚಂದ್ರ ಬೋಸ್ ಅವರ ಕೃತಿಗಳನ್ನು ವಿದ್ಯಾರ್ಥಿಗಳಿಗೆ ಧಾರಾಳವಾಗಿ ಹಂಚಿ. ಇಂದಿನ ಪಠ್ಯಪುಸ್ತಕದ ಕಳ್ಳ ಪ್ರತಿಯನ್ನಲ್ಲ. ಸರ್ಕಾರ ನೇಮಿಸಿದ ಸಮಿತಿಯ ವರದಿ ಶಾಸನಸಭೆಯಲ್ಲಿ ಮಂಡನೆಯಾಗಿದ್ದರೆ, ನಿಷೇಧವಿಲ್ಲದಿದ್ದಲ್ಲಿ, ಅದನ್ನು ಮರುಮುದ್ರಿಸಲು ಕಾನೂನು ಅವಕಾಶ ಕೊಟ್ಟಿದೆ.

ಕೊನೆಯದಾಗಿ, ಬೇಕಾದ ವರದಿ ಸಿಕ್ಕಿದ ದಿನವೇ ಇಳಿಸಿಕೊಂಡು, ಕಡತಕ್ಕೆ ಹೆಸರು, ವರ್ಷ ಬರೆದಿಡಿ. ತಾಣಗಳು ಮುಚ್ಚುತ್ತವೆ, ವಿಳಾಸಗಳು ಬದಲಾಗುತ್ತವೆ. ನಿಮ್ಮ ಶಾಲೆಯ ಗಣಕದಲ್ಲಿರುವ ಪ್ರತಿ ಮುಂದಿನ ವರ್ಷದ ಮಕ್ಕಳಿಗೂ ಸಿಗುತ್ತದೆ.