ಚಿಕ್ಕ ಪ್ರಶ್ನೆಯ ದೊಡ್ಡ ಕಿಂಗ್

ಸೆಮಿನಾರ್ ಮುಗಿದು 'ಎನಿ ಕ್ವೆಶ್ಚನ್ಸ್?' ಎಂದಾಗ ಕೆಲವರು ಎದ್ದು ನಿಲ್ಲುವುದನ್ನು ನೀವೂ ನೋಡಿರುತ್ತೀರಿ. ಎರಡು ನಿಮಿಷ ತಮಗೆ ಗೊತ್ತಿರುವುದನ್ನೆಲ್ಲ ಹೇಳಿ, ಕೊನೆಗೊಂದು ಪ್ರಶ್ನಾರ್ಥಕ ಚಿಹ್ನೆ ಅಂಟಿಸುತ್ತಾರೆ. ಅಮೆರಿಕದ ಟಿವಿ ಸಂದರ್ಶಕ ಲ್ಯಾರಿ ಕಿಂಗ್ ಇದಕ್ಕೆ ತದ್ವಿರುದ್ಧ. 1985ರಿಂದ 2010ರವರೆಗೆ ಸಿಎನ್‌ಎನ್‌ನಲ್ಲಿ 'ಲ್ಯಾರಿ ಕಿಂಗ್ ಲೈವ್' ನಡೆಸಿದ ಈತನ ಪ್ರಶ್ನೆಗಳು ಒಂದೇ ಉಸಿರಿನಲ್ಲಿ ಮುಗಿಯುತ್ತಿದ್ದವು. 'ಯಾಕೆ?' ಎಂಬುದು ಅಚ್ಚುಮೆಚ್ಚಿನ ಪ್ರಶ್ನೆ.

ಹುಟ್ಟಿದ್ದು 1933ರಲ್ಲಿ, ನ್ಯೂಯಾರ್ಕ್‌ನ ಬ್ರೂಕ್ಲಿನ್‌ನಲ್ಲಿ. ನಿಜ ಹೆಸರು ಲಾರೆನ್ಸ್ ಝೈಗರ್. ಚಿಕ್ಕಂದಿನಲ್ಲೇ ಅಪ್ಪ ತೀರಿಕೊಂಡರು. ಕಾಲೇಜಿನ ಮೆಟ್ಟಿಲು ಹತ್ತಲಿಲ್ಲ. (ನಮ್ಮ ಪ್ಲೇಸ್‌ಮೆಂಟ್ ಡ್ರೈವ್ ಆಗಿದ್ದರೆ ಕಟ್ಆಫ್‌ನಲ್ಲೇ ಹೊರಗೆ!) ರೇಡಿಯೊ ಹುಚ್ಚು ಹತ್ತಿ ಮಯಾಮಿಗೆ ಹೋದ. ಸಣ್ಣ ಕೇಂದ್ರವೊಂದರಲ್ಲಿ ಚಿಲ್ಲರೆ ಕೆಲಸ ಮಾಡುತ್ತಿದ್ದವನಿಗೆ 1957ರ ಮೇ 1ರಂದು ಮೈಕ್ ಸಿಕ್ಕಿತು. ಝೈಗರ್ ಎಂಬ ಹೆಸರು ಯಾರ ನೆನಪಿನಲ್ಲೂ ಉಳಿಯದು ಎಂದ ಮ್ಯಾನೇಜರ್, ಪತ್ರಿಕೆಯಲ್ಲಿದ್ದ ಮದ್ಯದಂಗಡಿಯ ಜಾಹೀರಾತು ನೋಡಿ 'ಕಿಂಗ್' ಎಂದು ಆರಿಸಿದರಂತೆ. ಮೈಕ್ ಮುಂದೆ ಬಾಯಿ ಒಣಗಿತು. ಹಾಡು ಹಾಕುವುದು, ದನಿ ತಗ್ಗಿಸುವುದು, ಮಾತು ಹೊರಡದೆ ಮತ್ತೆ ಹಾಡು ಜೋರು ಮಾಡುವುದು! ಮ್ಯಾನೇಜರ್ ಬಂದು ಗದರಿದ ಮೇಲೆ, ಇದು ನನ್ನ ಮೊದಲ ದಿನ, ಹೆದರಿಕೆಯಾಗುತ್ತಿದೆ ಎಂದು ಕೇಳುಗರಿಗೇ ಹೇಳಿಬಿಟ್ಟನಂತೆ.

ನನಗೆ ತುಂಬಾ ಹಿಡಿಸಿದ್ದು ನಂತರದ ಘಟ್ಟ. ಮಯಾಮಿಯ ಪಂಪರ್ನಿಕ್ಸ್ ಹೋಟೆಲಿನಲ್ಲಿ ಕೂತು, ಒಳಗೆ ಬಂದವರನ್ನೆಲ್ಲ ಮಾತಾಡಿಸುವ ಕಾರ್ಯಕ್ರಮ. ಮೊದಲ ಅತಿಥಿ ಅಲ್ಲಿನ ವೇಟರ್. ಒಂದು ದಿನ ಗಾಯಕ ಬಾಬಿ ಡೇರಿನ್ ತಾನಾಗಿಯೇ ಬಂದ. ಯಾರು ಬರುತ್ತಾರೆಂದೇ ಗೊತ್ತಿಲ್ಲದ ಮೇಲೆ ತಯಾರಿ ಎಲ್ಲಿಂದ? ಉತ್ತರ ಕೇಳಿಸಿಕೊಳ್ಳಬೇಕು, ಅದರಿಂದಲೇ ಮುಂದಿನ ಪ್ರಶ್ನೆ ಹುಟ್ಟಬೇಕು. ಮುಂದೆ ದೊಡ್ಡ ಲೇಖಕರು ಎದುರು ಕೂತಾಗಲೂ ಅವರ ಪುಸ್ತಕ ಓದದೆಯೇ ಕೇಳುತ್ತಿದ್ದ. ನೋಡುಗರೂ ಓದಿರುವುದಿಲ್ಲವಲ್ಲ ಎಂಬುದು ಆತನ ವಾದ.

ದಾರಿ ನೇರವಾಗಿರಲಿಲ್ಲ. 1971ರಲ್ಲಿ ಹಣದ ವ್ಯವಹಾರವೊಂದರಲ್ಲಿ ಬಂಧನವಾಯಿತು. ಕೇಸು ಬಿದ್ದುಹೋದರೂ ಕೆಲಸ ಉಳಿಯಲಿಲ್ಲ. ದೇಶವಿಡೀ ಕೇಳುವ ರಾತ್ರಿ ರೇಡಿಯೊ ಕಾರ್ಯಕ್ರಮ ಸಿಕ್ಕಿದ್ದು 1978ರಲ್ಲಿ. ಸಿಎನ್‌ಎನ್ ಸೇರಿದಾಗ ವಯಸ್ಸು 51. ರಾಸ್ ಪೆರೋ 1992ರಲ್ಲಿ ಅಮೆರಿಕದ ಅಧ್ಯಕ್ಷ ಚುನಾವಣೆಗೆ ನಿಲ್ಲುವ ಇಂಗಿತ ಕೊಟ್ಟಿದ್ದು ಇದೇ ಕಿಂಗ್ ಎದುರು.

ಓದದೇ ಹೋಗುವ ಪದ್ಧತಿಯನ್ನು ಮಾತ್ರ ನಾನು ಒಪ್ಪಲಾರೆ. ಹಾಸ್ಯನಟ ಜೆರ್ರಿ ಸೈನ್‌ಫೆಲ್ಡ್ ತನ್ನ ಜನಪ್ರಿಯ ಧಾರಾವಾಹಿಯನ್ನು 1998ರಲ್ಲಿ ತಾನೇ ನಿಲ್ಲಿಸಿದ್ದ. 2007ರಲ್ಲಿ ಕಿಂಗ್, ಚಾನೆಲ್‌ನವರೇ ಅದನ್ನು ತೆಗೆದರಾ ಎಂದು ಕೇಳಿದಾಗ ಆತ ದಂಗಾಗಿಹೋದ. ಹತ್ತು ನಿಮಿಷ ಓದಿದ್ದರೆ ತಪ್ಪುತ್ತಿತ್ತು.

ಈ ತಿಂಗಳು ನಮ್ಮ ಮೆಕ್ಯಾನಿಕಲ್ ವಿಭಾಗದ ಹಳೆಯ ವಿದ್ಯಾರ್ಥಿಯೊಬ್ಬರನ್ನು ವೇದಿಕೆಯಲ್ಲಿ ಸಂದರ್ಶಿಸುವ ಕೆಲಸ ನನ್ನದು. ಅವರ ಬಗ್ಗೆ ಸಿಕ್ಕಿದ್ದನ್ನೆಲ್ಲ ಓದಿದ್ದೇನೆ. ಗೆಳೆಯರು ಕೊಟ್ಟ 19 ಪ್ರಶ್ನೆಗಳಲ್ಲಿ ಉಳಿಸಿಕೊಂಡಿದ್ದು ಆರು. ಮೊದಲನೆಯದು: ಮೆಕ್ಯಾನಿಕಲ್ ಓದಿ ಸಾಫ್ಟ್‌ವೇರ್‌ಗೆ ಹೋಗಿದ್ದು ಯಾಕೆ ಸರ್?